ಮುಂದೆ ಹತ್ತಿದವನು ಕಾಯಬೇಕು

2025ರ ಈದುಲ್ ಫಿತ್ರ್ ಹಬ್ಬಕ್ಕೆ ನಮ್ಮ ಅಕ್ಕನ ಮಗ ಜಿದ್ದಾದಿಂದ ಊರಿಗೆ ಬಂದಿದ್ದ. ಖರ್ಜೂರ, ಅತ್ತರು, ಜಾನಮಾಝ್‌ಗಳ ಜೊತೆಗೆ ನಮ್ಮ ಹನ್ನೆರಡು ವರ್ಷದ ಮಗನಿಗೆಂದು ಒಂದು ಪೆಟ್ಟಿಗೆಯನ್ನೂ ತಂದಿದ್ದ. ಅದರೊಳಗೆ ಅವನು ಎರಡು ವರ್ಷ ಬಳಸಿದ್ದ ನಿಂಟೆಂಡೊ ಸ್ವಿಚ್ ಎಂಬ ಕೈಯಾಟದ ಯಂತ್ರವಿತ್ತು. ನಡುವೆ ಪರದೆ, ಎಡಬಲಗಳಲ್ಲಿ ಗುಂಡಿಗಳಿರುವ ಎರಡು ಹಿಡಿಕೆಗಳು. ಹಿಡಿಕೆಗಳನ್ನು ಕಳಚಿ ಇಬ್ಬರು ಒಂದೊಂದನ್ನು ಹಿಡಿದು ಆಡಬಹುದು ಎಂದು ಅವನು ತೋರಿಸಿದಾಗ ಮಗನ ಮುಖ ಈದ್‌ನ ಚಂದ್ರನನ್ನು ಕಂಡಂತೆ ಬೆಳಗಿತು. ಮಗನ ತಾಯಿಯ ಮುಖ ಮಾತ್ರ ಗಂಭೀರವಾಯಿತು. "ದಿನಾ ಮಕ್ಕಳಿಗೆ ವೇಳೆಯ ಬೆಲೆ ಹೇಳೋರ ಮನೆಯಾಗೇ ಇದು ಬಂತೇನ್ರಿ?" ಎಂದರು.

ಪ್ರಶ್ನೆ ನ್ಯಾಯವಾದದ್ದೇ. ನೋಡದೆ ತೀರ್ಪು ಕೊಡುವುದು ಸರಿಯಲ್ಲವೆಂದು ಹೇಳಿ, ಯಂತ್ರವನ್ನು ನಾವೇ ಇರಿಸಿಕೊಂಡೆವು. ಇಶಾ ನಮಾಝಿನ ಬಳಿಕ ಅದರೊಳಗಿದ್ದ ಆಟಗಳ ಪಟ್ಟಿಯನ್ನು ಪರಿಶೀಲಿಸತೊಡಗಿದೆವು. ಹೊಸ ಆಟಗಳ ನಡುವೆ ಒಂದು ಹಳೆಯ ಹೆಸರು ಕಣ್ಣಿಗೆ ಬಿತ್ತು: ಕಾಂಟ್ರಾ. ಜಪಾನಿನ ಕೊನಾಮಿ ಕಂಪನಿಯು 1987ರಲ್ಲಿ ಅಂಗಡಿಯ ದೊಡ್ಡ ಯಂತ್ರಗಳಿಗಾಗಿ, 1988ರಲ್ಲಿ ಮನೆಯ ಟಿ.ವಿ.ಗಳಿಗಾಗಿ ಹೊರತಂದ ಆಟವಿದು. ಅದನ್ನೂ ಅದರ ಒಡಹುಟ್ಟುಗಳನ್ನೂ ಒಟ್ಟುಗೂಡಿಸಿ ಅದೇ ಕಂಪನಿ 2019ರಲ್ಲಿ ಹೊಸ ಯಂತ್ರಗಳಿಗೆ ಒಂದು ಸಂಗ್ರಹವಾಗಿ ಮಾರಿದೆ. ಅಳಿಯನು ಅದನ್ನು ಹಣ ಕೊಟ್ಟು ಪಡೆದಿದ್ದ. ನಾವು ಬಾಲ್ಯದಲ್ಲಿ ಆಡಿದ್ದೆಲ್ಲ ಯಾರ ದುಡಿಮೆಯೋ ಎಂದು ಅರಿಯದ ನಕಲು ಕ್ಯಾಸೆಟ್ಟುಗಳು.

ಗುಂಡಿ ಒತ್ತಿದೆವು. ಆ ಸಂಗೀತ ಕೇಳಿದೊಡನೆ ಮೂವತ್ತೆರಡು ವರ್ಷಗಳು ಕಳಚಿಬಿದ್ದವು.

1993ರ ಮಾತು. ಸಾಲಗುಂದದ ನಮ್ಮ ಮನೆಯಲ್ಲಿ ಕಪ್ಪು-ಬಿಳುಪು ಟಿ.ವಿ.ಯೊಂದಿತ್ತು. ನಮಗಿಂತ ಆರು ವರ್ಷ ಹಿರಿಯರಾದ ಅಣ್ಣ ಸಿಂಧನೂರಿನ ಅಕ್ಕಿ ಗಿರಣಿಯೊಂದರಲ್ಲಿ ಹಮಾಲಿ ಮಾಡುತ್ತಿದ್ದರು. ಏಳನೆಯ ತರಗತಿಗೆ ಶಾಲೆ ಬಿಟ್ಟವರು. ಒಂದು ಸಂಜೆ ಕೂಲಿಯಲ್ಲಿ ಉಳಿಸಿದ ಹಣದಿಂದ ಯಾರದೋ ಬಳಸಿದ ವಿಡಿಯೋ ಗೇಮನ್ನು ಕೊಂಡು, ಅಕ್ಕಿ ಚೀಲದಲ್ಲಿ ಸುತ್ತಿ ತಂದರು. ನಿಂಟೆಂಡೊ ಕಂಪನಿ 1983ರಲ್ಲಿ ಜಪಾನಿನಲ್ಲಿ ಮಾರಿದ ಫ್ಯಾಮಿಕಾಮ್ ಎಂಬ ಯಂತ್ರದ ನಕಲು ಅದು. ಅಂಥ ನಕಲುಗಳೇ ನಮ್ಮ ದೇಶದ ಸಣ್ಣ ಊರುಗಳನ್ನು ತಲುಪಿದ್ದು. ಮೂಲ ಯಂತ್ರದ ಕಾರ್ಯಸ್ಮೃತಿ ಕೇವಲ ಎರಡು ಕಿಲೋಬೈಟ್. ಈ ಲೇಖನದ ಒಂದು ದೊಡ್ಡ ಕಂಡಿಕೆಯನ್ನೂ ಅದು ಪೂರ್ತಿ ಹಿಡಿದಿಡಲಾರದು. ಅಷ್ಟರಲ್ಲೇ ಒಂದು ಕಾಡು, ಒಂದು ಕೋಟೆ, ಒಂದು ಜಲಪಾತವನ್ನು ಮೂಡಿಸಿ ನಡೆಸಿದವರ ಜಾಣ್ಮೆಯನ್ನು ಇಂದಿಗೂ ಮೆಚ್ಚಬೇಕು. ಚಿತ್ರ ಬಾರದಿದ್ದರೆ ಕ್ಯಾಸೆಟ್ಟನ್ನು ಹೊರಗೆಳೆದು ಬಾಯಿಂದ ಊದಿ ಮತ್ತೆ ಸಿಕ್ಕಿಸುತ್ತಿದ್ದೆವು. ಊದುವುದರಿಂದ ಏನೂ ಆಗುತ್ತಿರಲಿಲ್ಲ, ಉಸಿರಿನ ತೇವ ಲೋಹಕ್ಕೆ ಕೇಡೇ ಮಾಡುತ್ತಿತ್ತು. ತೆಗೆದು ಮತ್ತೆ ಕೂರಿಸಿದ್ದರಿಂದ ಅದು ನಡೆಯುತ್ತಿತ್ತು ಎಂದು ಬಹಳ ಕಾಲದ ಮೇಲೆ ತಿಳಿಯಿತು.

ಈಗಿನ ಯಂತ್ರದಲ್ಲಿ ಕ್ಯಾಸೆಟ್ಟಿಲ್ಲ. ಅದರೊಳಗಿನ ತಂತ್ರಾಂಶವು ಹಳೆಯ ಯಂತ್ರದ ಪ್ರತಿ ಹೆಜ್ಜೆಯನ್ನೂ ಅನುಕರಿಸುತ್ತದೆ. ನಮ್ಮ ಕಡೆಯ ಹಗಲುವೇಷದವರು ಬೇರೊಬ್ಬರ ನಡೆನುಡಿಯನ್ನು ತಳೆದು ನಿಲ್ಲುವಂತೆ, ಹೊಸ ಯಂತ್ರವು ಹಳೆಯದರ ವೇಷ ಹಾಕಿ ನಿಲ್ಲುತ್ತದೆ. ಹಳೆಯ ಆಟಕ್ಕೆ ತಾನು ಬೇರೆ ಕಡೆ ಇದ್ದೇನೆಂದು ತಿಳಿಯುವುದೇ ಇಲ್ಲ.

ಆ ಆಟದಲ್ಲಿ ಇಬ್ಬರು ಒಟ್ಟಿಗೆ ಸಾಗಬಹುದು. ಒಬ್ಬನು ನೀಲಿ ಉಡುಪಿನವನು, ಇನ್ನೊಬ್ಬನು ಕೆಂಪಿನವನು. ನಮ್ಮ ಟಿ.ವಿ.ಯಲ್ಲಿ ಇಬ್ಬರೂ ಬೂದು ಬಣ್ಣದವರೇ. ಪ್ರತಿಯೊಬ್ಬನಿಗೂ ಮೂರು ಜೀವ. ಒಂದು ಗುಂಡು ತಗುಲಿದರೆ ಒಂದು ಜೀವ ಹೋಯಿತು. ಮೂರನೆಯ ಹಂತವೇ ಜಲಪಾತ. ಅಲ್ಲಿ ಬಂಡೆಯಿಂದ ಬಂಡೆಗೆ ಜಿಗಿಯುತ್ತ ಮೇಲಕ್ಕೆ ಏರಬೇಕು. ಮುಂದಿರುವವನು ಏರಿದಂತೆ ಪರದೆಯೂ ಮೇಲಕ್ಕೆ ಸರಿಯುತ್ತದೆ. ಕೆಳಗೆ ಉಳಿದವನು ಪರದೆಯ ಅಂಚಿನಿಂದ ಜಾರಿದರೆ ಸತ್ತಂತೆ. ಅವನಿಗೆ ಶತ್ರುವಿನ ಗುಂಡು ಬೇಕಿಲ್ಲ. ಜೊತೆಗಾರನ ಆತುರವೇ ಸಾಕು.

ಆಗ ಏರುತ್ತಿದ್ದವರು ನಾವು. ಜಾರುತ್ತಿದ್ದವರು ಅಣ್ಣ. ದಿನವಿಡೀ ಮೂಟೆ ಹೊತ್ತು ಬಂದ ಕೈಗಳಿಗೆ ಆ ಪುಟ್ಟ ಗುಂಡಿಗಳು ಒಗ್ಗುತ್ತಿರಲಿಲ್ಲ. "ಸ್ವಲ್ಪ ತಡಿಯೋ" ಎನ್ನುತ್ತಿದ್ದರು. ತಡೆದರೆ ನಾವು ಸಾಯುತ್ತೇವೆಂದು ನಾವು ತಡೆಯುತ್ತಿರಲಿಲ್ಲ. ಮೂರೂ ಜೀವ ಮುಗಿದ ಮೇಲೆ ಅಣ್ಣ ಹಿಡಿಕೆಯನ್ನು ನೆಲಕ್ಕಿಟ್ಟು, ಗೋಡೆಗೊರಗಿ, ನಾವು ಆಡುವುದನ್ನು ನಗುತ್ತ ನೋಡುತ್ತಿದ್ದರು.

ಬದುಕಿನಲ್ಲೂ ಹಾಗೆಯೇ ಆಯಿತು. ನಾವು ಮದ್ರಸಾಕ್ಕೆ ಹೋದೆವು, ಬಳಿಕ ಕನ್ನಡದಲ್ಲಿ ಬಿ.ಎ. ಮಾಡಿದೆವು. ಪುಸ್ತಕ, ಬಟ್ಟೆ, ಬಸ್ಸಿನ ಹಣವೆಲ್ಲ ಅಣ್ಣನ ಹೆಗಲಿನಿಂದ ಬಂದದ್ದು. ಗಿರಣಿಯ ಪಟ್ಟಿಗೆ ಸಿಕ್ಕಿ ಅವರ ಬಲಗೈ ಹೆಬ್ಬೆರಳಿನ ತುದಿ ಹೋದ ವರ್ಷವೂ ನಮ್ಮ ಹಣ ತಪ್ಪಲಿಲ್ಲ.

2017ರಲ್ಲಿ ತಂದೆಯವರು ತೀರಿಕೊಂಡರು. ತಾಯಿ ಮೊದಲೇ ಹೋಗಿದ್ದರು. ಐದು ಎಕರೆ ಹೊಲ. ವಾರಸುದಾರಿಕೆಯ ಲೆಕ್ಕ ಹಾಕಿದವರು ನಾವೇ: ಗಂಡುಮಕ್ಕಳಿಬ್ಬರಿಗೆ ಎರಡೆರಡು, ಅಕ್ಕನಿಗೆ ಒಂದು. ಅಣ್ಣನ ಹಣದಿಂದ ಕಲಿತ ವಿದ್ಯೆ ಅದು. ಲೆಕ್ಕದಲ್ಲಿ ಕಾಳಿನಷ್ಟೂ ತಪ್ಪಿರಲಿಲ್ಲ. ಸಿಂಧನೂರಿನಲ್ಲಿ ನಿವೇಶನ ಕೊಳ್ಳಲು ನಮ್ಮ ಎರಡು ಎಕರೆಯನ್ನು ಮಾರುವೆವೆಂದು ಅಣ್ಣನಿಗೆ ತಿಳಿಸಿದೆವು. "ಎರಡು ಬೆಳೆ ತಡಿ, ನಾನೇ ತಗೋತೀನಿ" ಎಂದರು. ನಿವೇಶನದವನು ಕಾಯುವುದಿಲ್ಲವೆಂದು ನಾವೂ ಕಾಯಲಿಲ್ಲ. 2018ರಲ್ಲಿ ಹೊರಗಿನವರಿಗೆ ಮಾರಿದೆವು. ತುಂಗಭದ್ರಾ ಎಡದಂಡೆ ಕಾಲುವೆಯ ನೀರು ಅಣ್ಣನ ಹೊಲಕ್ಕೆ ಇಳಿಯುತ್ತಿದ್ದುದು ನಮ್ಮ ಆ ಎರಡು ಎಕರೆಯ ಹೊಲಗಾಲುವೆಯಿಂದಲೇ. ಕೊಂಡವರು ಮೊದಲು ತಮ್ಮ ಗದ್ದೆ ತುಂಬಿಸಿಕೊಂಡರು. ಅಣ್ಣನಿಗೆ ಉಳಿದರೆ ಉಂಟು, ಇಲ್ಲವಾದರೆ ಇಲ್ಲ.

ಪಾಲುದಾರನಿಗೂ ನೆರೆಯವನಿಗೂ ಕೊಳ್ಳುವ ಮೊದಲ ಹಕ್ಕಿದೆ. ಅದನ್ನು ಶುಫ್‌ಆ ಎನ್ನುತ್ತಾರೆ. ದಾರಿ ಒಂದೇ ಆಗಿದ್ದರೆ, ನೆರೆಯವನು ಊರಲ್ಲಿಲ್ಲದಿದ್ದರೂ ಅವನಿಗಾಗಿ ಕಾಯಬೇಕೆಂಬ ಅರ್ಥದ ಹದೀಸ್ ಅಬೂದಾವೂದ್, ತಿರ್ಮಿದಿ ಸಂಗ್ರಹಗಳಲ್ಲಿದೆ. ನಾವು ಓದಿದ್ದೆವು. ತಿಳಿಸಿದ್ದೇವಲ್ಲ, ಆ ಹೊತ್ತಿಗೆ ಅವರ ಬಳಿ ಹಣವಿರಲಿಲ್ಲವಲ್ಲ ಎಂದು ನಮಗೆ ನಾವೇ ಫತ್ವಾ ಕೊಟ್ಟುಕೊಂಡೆವು. ಇಲ್ಲಿ ಅಣ್ಣ ಊರಲ್ಲೇ ಇದ್ದರು. ದಾರಿ ಒಂದೇ, ನೀರೂ ಒಂದೇ ಆಗಿತ್ತು. ಹಕ್ಕು ನಮ್ಮ ಬಳಿಯಿತ್ತು, ತಾಳ್ಮೆ ಇರಲಿಲ್ಲ.

ಅಂದಿನಿಂದ ಏಳು ವರ್ಷ ಮದುವೆ-ಮಯ್ಯತ್ತುಗಳಲ್ಲಿ ಮುಖಾಮುಖಿಯಾದರೆ ಒಂದು ತೆಳುವಾದ ಸಲಾಮು, ಅಷ್ಟೆ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟಿನ 19ನೆಯ ಗೇಟು ಸರಪಳಿ ಕಡಿದು ಕೊಚ್ಚಿಹೋಯಿತು. ಬೆಳಗಾಗುವಷ್ಟರಲ್ಲಿ ಸಿಂಧನೂರಿನ ಪ್ರತಿ ಚಹಾದ ಅಂಗಡಿಯಲ್ಲೂ ಅದೇ ಮಾತು. ಒಂದು ವಾರದಲ್ಲಿ ತಾತ್ಕಾಲಿಕ ಗೇಟು ಕೂರಿಸಿ ನೀರು ನಿಲ್ಲಿಸುವವರೆಗೆ ಭತ್ತದ ನಾಡು ಉಸಿರು ಬಿಗಿಹಿಡಿದಿತ್ತು. ಅಣ್ಣನಿಗೆ ಒಂದು ಫೋನು ಮಾಡಬೇಕೆಂದು ದಿನವೂ ಅಂದುಕೊಂಡೆವು. ಮಾಡಲಿಲ್ಲ. ಅದೇ ಶುಕ್ರವಾರ ಮಕ್ಕಳಿಗೆ ಕುಟುಂಬ ಸಂಬಂಧವನ್ನು ಕಡಿಯಬಾರದೆಂಬ ಪಾಠ ಮಾಡಿದೆವು.

ಇನ್ನು ಹಬ್ಬದ ಎರಡನೆಯ ದಿನಕ್ಕೆ ಬರೋಣ. ಒಂದು ಹಿಡಿಕೆಯನ್ನು ಮಗನಿಗೆ ಕೊಟ್ಟು, ಇನ್ನೊಂದನ್ನು ನಾವು ಹಿಡಿದು ಆಟಕ್ಕೆ ಕುಳಿತೆವು. ಕಾಡು, ಕೋಟೆ ದಾಟಿದ್ದಾಯಿತು. ಜಲಪಾತ ಬಂತು. ಮಗನ ಬೆರಳು ಚುರುಕು, ಕಪಿಯಂತೆ ಏರಿದ. ಪರದೆ ಸರಿಯಿತು, ನಾವು ಅಂಚಿನಿಂದ ಜಾರಿದೆವು. ಮತ್ತೊಮ್ಮೆ ಜಾರಿದೆವು. "ಅಬ್ಬಾ, ಬೇಗ ಹತ್ತಿರಿ!" ಎಂದು ಮಗ ಕೂಗಿದ. "ನೀನು ಸ್ವಲ್ಪ ತಡೆಯಬಾರದೇನು?" ಎಂದೆವು. ಅವನು ಪರದೆಯಿಂದ ಕಣ್ಣು ತೆಗೆಯದೆ ಉತ್ತರಿಸಿದ: "ತಡೆದರೆ ನಾನು ಸಾಯ್ತೀನಲ್ಲ."

ಮೂರನೆಯ ಜೀವವೂ ಹೋಯಿತು. ಹಿಡಿಕೆಯನ್ನು ನೆಲಕ್ಕಿಟ್ಟು ಗೋಡೆಗೊರಗಿದೆವು. ಒರಗಿದ ಮೇಲೆಯೇ ನಾವು ಯಾರ ಜಾಗದಲ್ಲಿ ಕುಳಿತಿದ್ದೇವೆಂಬುದು ಅರಿವಾದದ್ದು.

ಮಗನದು ದುಷ್ಟತನವಲ್ಲ. ಮುಂದೆ ಏರುವವನಿಗೆ ಕೆಳಗಿನವನು ಕಾಣುವುದಿಲ್ಲ, ಅಷ್ಟೇ. ಅದಕ್ಕಾಗಿಯೇ ಕಲಿಸಬೇಕಾಗುತ್ತದೆ. ಇಮಾಮನಾದವನು ತನ್ನ ಹಿಂದೆ ದುರ್ಬಲರೂ ರೋಗಿಗಳೂ ಇದ್ದಾರೆಂದು ನೆನೆದು ನಮಾಝನ್ನು ಹಗುರಗೊಳಿಸಬೇಕೆಂದು ಪ್ರವಾದಿವರ್ಯರು(ಸ) ಆದೇಶಿಸಿದ್ದಾರೆ. ಒಂದು ಈದ್ ದಿನ ಮಸೀದಿಯಲ್ಲಿ ಅಬಿಸೀನಿಯದವರು ಈಟಿಗಳ ಆಟವಾಡುತ್ತಿದ್ದಾಗ, ಅವರು(ಸ) ಆಯಿಶಾ(ರ)ರಿಗೆ ಅದನ್ನು ನೋಡಲು ಅವಕಾಶ ಕೊಟ್ಟು, ಆಕೆಗೇ ಸಾಕೆನಿಸುವವರೆಗೆ ನಿಂತಿದ್ದರು. ಆಟ ನಿರ್ದೋಷವಾಗಿದ್ದರೆ ಹಬ್ಬದ ಮನೆಯಲ್ಲಿ ಅದಕ್ಕೆ ಎಡೆಯಿದೆ ಎಂಬುದಕ್ಕೆ ಈ ಹದೀಸನ್ನು ಮುಂದಿಡುತ್ತೇವೆ. ಇನ್ನೊಬ್ಬರಿಗಾಗಿ ಅವರು ನಿಂತು ಕಾದ ಆ ಹೊತ್ತನ್ನು ಮಾತ್ರ ಮರೆಯುತ್ತೇವೆ.

ಮಗನ ತಾಯಿಗೆ ಕೊಡಬೇಕಾದ ಉತ್ತರವೂ ಇದರಿಂದಲೇ ದೊರೆಯಿತು. ಈ ಹಳೆಯ ಆಟಗಳಲ್ಲಿ ಹಣದ ಪಣವಿಲ್ಲ, ಅಪರಿಚಿತರ ಮಾತಿಲ್ಲ, ನಡುನಡುವೆ ಕೊಳ್ಳೆಂದು ಕಾಡುವ ಅಂಗಡಿಯಿಲ್ಲ. ಆಟಕ್ಕೆ ಒಂದು ಕೊನೆಯೂ ಇದೆ. ಮೊಬೈಲಿನಲ್ಲಿ ಹಣವಿಟ್ಟು ಆಡುವ ಆಟಗಳು ಎಷ್ಟು ಮನೆಗಳನ್ನು ಮುಳುಗಿಸಿವೆಯೆಂದರೆ, 2025ರ ಆಗಸ್ಟಿನಲ್ಲಿ ಸಂಸತ್ತು ಅವುಗಳನ್ನು ನಿಷೇಧಿಸುವ ಕಾನೂನನ್ನೇ ಮಾಡಬೇಕಾಯಿತು. ಆದರೂ ಕಾಂಟ್ರಾ ಗುಂಡು ಹಾರಿಸುವ ಆಟವೇ. ಅದನ್ನು ಒಳ್ಳೆಯದೆಂದು ನಾವು ಹೊಗಳಲಾರೆವು. ಮನೆಯ ನಿಯಮ ಇಷ್ಟು: ಓದು ಮುಗಿದ ಮೇಲೆ ಅರ್ಧ ಗಂಟೆ, ಆಝಾನ್ ಆದೊಡನೆ ಬಂದ್, ಒಬ್ಬನೇ ಕುಳಿತು ಆಡುವಂತಿಲ್ಲ, ಜಲಪಾತದಲ್ಲಿ ಮುಂದೆ ಹತ್ತಿದವನು ಕಾಯಬೇಕು.

ಕೊನೆಯ ನಿಯಮವನ್ನು ಮಗನಿಗೆ ಹೇಳಿದ ಮೇಲೆ, ಅದನ್ನು ಮೊದಲು ಪಾಲಿಸಬೇಕಾದವರು ನಾವೇ ಎಂಬುದು ಸ್ಪಷ್ಟವಾಯಿತು. ಇಬ್ಬರು ಸಹೋದರರು ಮೂರು ರಾತ್ರಿಗಳಿಗಿಂತ ಹೆಚ್ಚು ಮಾತು ಬಿಡಬಾರದು, ಮೊದಲು ಸಲಾಮು ಹೇಳುವವನೇ ಅವರಿಬ್ಬರಲ್ಲಿ ಉತ್ತಮನು ಎಂಬ ಬುಖಾರಿ ಹದೀಸನ್ನು ನೂರಾರು ಸಲ ಬೋಧಿಸಿದ್ದೆವು. ಹಬ್ಬದ ಮೂರನೆಯ ದಿನ ಅಸರ್ ನಮಾಝ್ ಮುಗಿಸಿ, ಮಗನನ್ನು ಬೈಕಿನ ಹಿಂದೆ ಕೂರಿಸಿಕೊಂಡು ಸಾಲಗುಂದಕ್ಕೆ ಹೊರಟೆವು. ಬೇಸಿಗೆಯ ಭತ್ತದ ತೆನೆ ಬಾಗಿತ್ತು. ಅಣ್ಣನ ಹೊಲದ ಮೇಲ್ಭಾಗ ಹಸಿರಾಗಿತ್ತು. ಕೆಳಭಾಗದಲ್ಲಿ ಒಂದು ಮಡಿ ಒಣಗಿ ನಿಂತಿತ್ತು. ಅದನ್ನು ನೋಡದಂತೆ ಮುಂದೆ ಹೋಗಲಾಗಲಿಲ್ಲ.

ಅಣ್ಣ ಅಂಗಳದಲ್ಲಿ ಹೊರಸಿನ ಮೇಲಿದ್ದರು. ಸಲಾಮು ಹೇಳಿದೆವು. ಉತ್ತರಿಸಿ, ಎದ್ದು ಕುಳಿತು, ಜಾಗ ಮಾಡಿಕೊಟ್ಟರು. ದಾರಿಯುದ್ದಕ್ಕೂ ಜೋಡಿಸಿಕೊಂಡಿದ್ದ ಮಾತುಗಳೆಲ್ಲ ಮರೆತುಹೋಗಿ, ಉಳಿದದ್ದು ಒಂದೇ ವಾಕ್ಯ: "ಭಾಯಿಜಾನ್, ನಾನು ಕಾಯಬೇಕಿತ್ತು."

ಅವರು ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ನಮ್ಮ ಮಗನ ತಲೆಯ ಮೇಲೆ ಕೈಯಿಟ್ಟು, "ಈ ಹುಡುಗನ್ನ ಏಳು ವರ್ಷ ನನಗ ತೋರಿಸಲಿಲ್ಲಲ್ಲೋ" ಎಂದರು. ಅದಕ್ಕೆ ನಮ್ಮ ಬಳಿ ಉತ್ತರವಿರಲಿಲ್ಲ, ಇಂದಿಗೂ ಇಲ್ಲ.

ಚಹಾ ಬಂತು. ಮಗ ಚೀಲದಿಂದ ಯಂತ್ರ ತೆಗೆದ. ಅಣ್ಣ ಅದನ್ನು ತಿರುಗಿಸಿ ನೋಡಿ, "ಆ ನೀರು ಬೀಳೋ ಜಾಗ ಇದರಾಗ ಐತೇನು?" ಎಂದು ಕೇಳಿದರು. ಒಂದು ಹಿಡಿಕೆ ಅವರಿಗೆ, ಒಂದು ನಮಗೆ. ತುದಿಯಿಲ್ಲದ ಹೆಬ್ಬೆರಳು ಗುಂಡಿಯನ್ನು ಹುಡುಕುತ್ತಿತ್ತು. ಜಲಪಾತದಲ್ಲಿ ನಾವು ಒಂದು ಬಂಡೆ ಏರಿ ನಿಂತೆವು. ಅವರು ಬಂದು ಸೇರಿದ ಮೇಲೆ ಮತ್ತೊಂದು ಬಂಡೆ. ನಿಂತಲ್ಲೇ ಗುಂಡು ತಗುಲಿ ನಮ್ಮ ಒಂದು ಜೀವ ಹೋಯಿತು. ಮಗ ಹೇಳಿದ್ದು ಸುಳ್ಳಲ್ಲ; ಕಾಯುವುದಕ್ಕೆ ಬೆಲೆ ತೆರಬೇಕಾಗುತ್ತದೆ.

ಅರ್ಧ ದಾರಿಯಲ್ಲಿ ಮಗ್ರಿಬ್ ಆಝಾನ್ ಕೇಳಿಸಿತು. ಹಳೆಯ ಯಂತ್ರವಾಗಿದ್ದರೆ ಆರಿಸಿದೊಡನೆ ಎಲ್ಲವೂ ಮೊದಲಿನಿಂದ. ಈಗಿನದರಲ್ಲಿ ಆಟವನ್ನು ಇದ್ದಲ್ಲಿಯೇ ಉಳಿಸಿಡಬಹುದೆಂದು ಮಗ ವಿವರಿಸಿದ. "ಹಂಗಾದ್ರ ಉಳಿಸಿಡು, ಬರೋ ವಾರ ಬರ್ರಿ" ಎಂದು ಅಣ್ಣ ವುಝೂ ಮಾಡಲು ಎದ್ದರು. ಸಫ್‌ನಲ್ಲಿ ಅವರ ಪಕ್ಕದಲ್ಲಿ ನಿಂತೆವು.

ಮಾರಿದ ಹೊಲ ಮರಳಿ ಬಂದಿಲ್ಲ. ಅದನ್ನು ಕೊಂಡವರ ಮನೆಗೆ ಎರಡು ಸಲ ಹೋಗಿ, ನೀರಿನ ಪಾಳಿಯ ಬಗ್ಗೆ ಕೈಮುಗಿದು ಕೇಳಿದ್ದೇವೆ. ವಾರದಲ್ಲಿ ಎರಡು ರಾತ್ರಿ ಬಿಡಲು ಒಪ್ಪಿದ್ದಾರೆ. ಅದು ಸಾಲದು, ಮತ್ತೆ ಹೋಗುತ್ತೇವೆ. ಓದುಗರಲ್ಲಿ ಯಾರಾದರೂ ಒಡಹುಟ್ಟಿದವರನ್ನು ಕೆಳಗೆ ಬಿಟ್ಟು ಏರಿ ಬಂದಿದ್ದರೆ, ಪರದೆಯ ಅಂಚನ್ನು ಒಮ್ಮೆ ನೋಡಿಕೊಳ್ಳಿರಿ. ಕಡಿದ ಸಂಬಂಧಗಳನ್ನು ಬೆಸೆಯುವ ಧೈರ್ಯವನ್ನೂ, ಹಿಂದೆ ಉಳಿದವರಿಗಾಗಿ ನಿಲ್ಲುವ ಸಹನೆಯನ್ನೂ ಅಲ್ಲಾಹನು ನಮಗೆಲ್ಲರಿಗೂ ಅನುಗ್ರಹಿಸಲಿ. ಆಮೀನ್.