ಗಣಿಗೆ ಹೊರಟ ಬುತ್ತಿ

ಇಂಗ್ಲೆಂಡಿನ ನೈಋತ್ಯ ಮೂಲೆಯ ಕಾರ್ನ್‌ವಾಲ್‌ನಲ್ಲಿ ಅಕ್ಟೋಬರ್ ಬಂತೆಂದರೆ ತರಕಾರಿ ಅಂಗಡಿಗಳಲ್ಲಿ ಸ್ವೀಡ್ ಗಡ್ಡೆಯ ರಾಶಿ ಬೀಳುತ್ತದೆ. ನೋಡಲು ಅಂಥ ಚೆಲುವೇನಿಲ್ಲ: ಮೇಲೆ ನೇರಳೆ, ಕೆಳಗೆ ಮಾಸಲು ಹಳದಿ, ಮೈತುಂಬ ಮಣ್ಣು. ಟರ್ನಿಪ್ಪಿಗೂ ಎಲೆಕೋಸಿಗೂ ಹುಟ್ಟಿದ ಈ ಗಡ್ಡೆಗೆ ಒಂದೆರಡು ರಾತ್ರಿ ಕೊರೆಯುವ ಚಳಿ ತಗುಲಿದರೆ ಸಿಹಿ ಏರುತ್ತದೆ. ಅಲ್ಲಿಯ ಹೆಸರಾಂತ ತಿಂಡಿ ಪಾಸ್ಟಿಯನ್ನು ಜನ ಮಾಂಸಕ್ಕಾಗಿ ಹೊಗಳುತ್ತಾರೆ. ಹೊಗಳಿಕೆ ಸಲ್ಲಬೇಕಾದದ್ದು ಈ ಗಡ್ಡೆಗೆ.

ಪಾಸ್ಟಿ ಮಾಡುವ ಬಗೆ ಸರಳ, ಆದರೆ ಅವಸರಕ್ಕೆ ಒಗ್ಗುವುದಿಲ್ಲ. ಬ್ರೆಡ್ಡಿಗೆ ಬಳಸುವ ಜಿಗುಟಾದ ಮೈದಾಕ್ಕೆ ಕೊಬ್ಬು ತಿಕ್ಕಿ, ತಣ್ಣೀರು ಹಾಕಿ ಚೆನ್ನಾಗಿ ನಾದಬೇಕು. ಮುಟ್ಟಿದರೆ ಉದುರುವ ನಾಜೂಕು ಕಣಕ ಇಲ್ಲಿ ಕೆಲಸಕ್ಕೆ ಬಾರದು. ಒಳಗಿನ ಭಾರ ಹೊರಬೇಕಲ್ಲ! ನಾದಿದ ಕಣಕವನ್ನು ಕೆಲವು ಗಂಟೆ ತಣ್ಣಗೆ ಇಟ್ಟರೆ ಲಟ್ಟಿಸುವಾಗ ಹಿಂದಕ್ಕೆ ಎಳೆದುಕೊಳ್ಳುವುದಿಲ್ಲ. ಆಲೂಗಡ್ಡೆ, ಸ್ವೀಡುಗಳನ್ನು ಪಳಗಿದವರು ಚೌಕ ಚೌಕವಾಗಿ ಹೆಚ್ಚುವುದಿಲ್ಲ. ಗಡ್ಡೆಯನ್ನು ಅಂಗೈಯಲ್ಲಿ ತಿರುಗಿಸುತ್ತ ಚಾಕುವಿನಿಂದ ಚಕ್ಕೆ ಚಕ್ಕೆಯಾಗಿ ಕೆತ್ತುತ್ತಾರೆ. ಚಕ್ಕೆಯ ತೆಳು ಅಂಚು ಬೆಂದು ಕರಗುತ್ತದೆ, ದಪ್ಪ ಭಾಗ ಹಲ್ಲಿಗೆ ಸಿಗುತ್ತದೆ. ಜೊತೆಗೆ ಈರುಳ್ಳಿ, ದನದ ಮಾಂಸದ ಸಣ್ಣ ತುಂಡುಗಳು, ಉಪ್ಪು, ಕೈಬಿಚ್ಚಿ ಕಾಳುಮೆಣಸಿನ ಪುಡಿ. ಇವನ್ನೆಲ್ಲ ಲಟ್ಟಿಸಿದ ಕಣಕದೊಳಗೆ ಇಟ್ಟು ಮಡಿಸಿ, ಕರ್ಜಿಕಾಯಿಗೆ ಅಂಚು ಕಟ್ಟುವ ಹಾಗೆ ಬೆರಳಲ್ಲಿ ಒತ್ತಿ ಒತ್ತಿ ನೆರಿಗೆ ಹಾಕಿದರೆ ಓವನ್ನಿಗೆ ಸಿದ್ಧ.

ಗಮನಿಸಬೇಕಾದ್ದೆಂದರೆ, ಒಳಗಿರುವುದೆಲ್ಲ ಹಸಿ. ಮುಕ್ಕಾಲು ಗಂಟೆಗೂ ಹೆಚ್ಚು ಹೊತ್ತು ಬೇಯುವಾಗ ಸ್ವೀಡು, ಈರುಳ್ಳಿ ಬಿಟ್ಟ ನೀರಿನ ಹಬೆಯಲ್ಲೇ ಮಾಂಸ ಮೆತ್ತಗಾಗುತ್ತದೆ. ರಸವನ್ನೆಲ್ಲ ಆಲೂಗಡ್ಡೆ ಕುಡಿಯುತ್ತದೆ. ಮೊದಲೇ ಬೇಯಿಸಿ ತುಂಬಿದರೆ ಬೇಕರಿಯ ಪಫ್ ಆದೀತು, ಪಾಸ್ಟಿ ಆಗದು.

ಇದು ಬರೀ ಅಡುಗೆಮನೆಯ ಹಟವಲ್ಲ, ಕಾನೂನು. 2011ರಲ್ಲಿ ಯುರೋಪಿಯನ್ ಒಕ್ಕೂಟ 'ಕಾರ್ನಿಷ್ ಪಾಸ್ಟಿ' ಎಂಬ ಹೆಸರಿಗೆ ಭೌಗೋಳಿಕ ಮಾನ್ಯತೆ ಕೊಟ್ಟಿತು. ಕಾರ್ನ್‌ವಾಲ್‌ನಲ್ಲೇ ತಯಾರಾಗಬೇಕು, ಹೂರಣ ಹಸಿಯಾಗಿಯೇ ಒಳಸೇರಬೇಕು, ಕನಿಷ್ಠ ಶೇ. 12.5 ದನದ ಮಾಂಸ, ಶೇ. 25 ತರಕಾರಿ ಇರಬೇಕು, ನೆರಿಗೆ ಬೆನ್ನ ಮೇಲಲ್ಲ, ಪಕ್ಕದಲ್ಲಿರಬೇಕು. ಕ್ಯಾರೆಟ್‌ಗೆ ಪ್ರವೇಶವಿಲ್ಲ.

ಪಕ್ಕದ ಡೆವನ್ ಜಿಲ್ಲೆಯವರಿಗೆ ಇದು ನುಂಗಲಾರದ ತುತ್ತು. 1510ರ ಹೊತ್ತಿನ ನಮ್ಮ ಪ್ಲಿಮತ್ ಊರಿನ ಲೆಕ್ಕಪುಸ್ತಕದಲ್ಲಿ ಪಾಸ್ಟಿ ಮಾಡಿದ ಅಡುಗೆಯವನ ಕೂಲಿ ದಾಖಲಾಗಿದೆ, ಆದ್ದರಿಂದ ಮೂಲ ನಮ್ಮದೇ ಎಂಬುದು ಅವರ ವಾದ. ಆದರೆ ಆಗ ಇಂಗ್ಲೆಂಡಿಗೆ ಆಲೂಗಡ್ಡೆಯೇ ಬಂದಿರಲಿಲ್ಲ. ಸ್ವೀಡ್ ಅಂತೂ ಅಲ್ಲಿ ನೆಲೆಯೂರಿದ್ದು 18ನೇ ಶತಮಾನದಲ್ಲಿ. ಇವೆರಡೂ ಇಲ್ಲದ ಪಾಸ್ಟಿಗಾಗಿ ಇಂದು ಕಿತ್ತಾಡುವುದು ಹೆಸರಿಗಾಗಿ ಮಾತ್ರ.

ಈಗಿನ ಪಾಸ್ಟಿಯನ್ನು ಬೆಳೆಸಿದ್ದು ತವರ, ತಾಮ್ರದ ಗಣಿಗಳು. ನೆಲದಾಳಕ್ಕೆ ಇಳಿದವನಿಗೆ ತಟ್ಟೆ ಚಮಚ ಬೇಡದ ಬುತ್ತಿ ಬೇಕಿತ್ತು. ಯಾರದು ಯಾವುದೆಂದು ತಿಳಿಯಲು ಕಣಕದ ಮೂಲೆಯಲ್ಲಿ ಹೆಸರಿನ ಮೊದಲಕ್ಷರ ಕೊರೆಯುತ್ತಿದ್ದರು. ಅದಿರಿನ ಆರ್ಸೆನಿಕ್ ಕೈಗೆ ಅಂಟಿರುತ್ತಿದ್ದುದರಿಂದ ದಪ್ಪ ಅಂಚನ್ನು ಹಿಡಿದು ಉಳಿದದ್ದನ್ನು ತಿಂದು, ಅಂಚನ್ನು ಎಸೆಯುತ್ತಿದ್ದರು ಎಂಬ ಕಥೆ ಪ್ರವಾಸಿಗರಿಗೆ ಬಲು ಇಷ್ಟ. ಆದರೆ ಹಳೆಯ ಫೋಟೋಗಳಲ್ಲಿ ಗಣಿಗಾರರು ಪಾಸ್ಟಿಯನ್ನು ಬಟ್ಟೆಯಲ್ಲೋ ಕಾಗದದಲ್ಲೋ ಹಿಡಿದು ತಿನ್ನುತ್ತಿದ್ದಾರೆ. ಮೈಮುರಿದು ದುಡಿದವನು ಬುತ್ತಿಯ ಗಟ್ಟಿ ತುಣುಕನ್ನು ಬಿಸಾಡಿಯಾನೇ?

ಗಣಿಗಾರರು ದೇಶ ಬಿಟ್ಟಾಗ ಪಾಸ್ಟಿಯೂ ಹಡಗು ಹತ್ತಿತು. ಕಾರ್ನ್‌ವಾಲ್‌ನ ಗಣಿಗಳನ್ನು ನಡೆಸಿದ್ದ ಜಾನ್ ಟೇಲರ್ ಎಂಬ ಎಂಜಿನಿಯರ್, 1824ರಲ್ಲಿ ಮೆಕ್ಸಿಕೋದ ರಿಯಲ್ ಡೆಲ್ ಮಾಂಟೆಯ ಬೆಳ್ಳಿ ಗಣಿಗಳಿಗಾಗಿ ಹುಟ್ಟಿದ ಕಂಪನಿಯ ಮುಂದಾಳಾಗಿದ್ದ. ಅವನ ಹೆಸರಿನ ಜಾನ್ ಟೇಲರ್ ಅಂಡ್ ಸನ್ಸ್ ಸಂಸ್ಥೆಯೇ 1880ರ ದಶಕದಲ್ಲಿ ನಮ್ಮ ಕೋಲಾರದ ಚಿನ್ನದ ಗಣಿಗಳನ್ನು ನಡೆಸಲು ಬಂದದ್ದು. ಕೆಜಿಎಫ್‌ನ ಸುರಂಗಗಳಿಗೆ ಇಳಿದ ಬಿಳಿಯರಲ್ಲಿ ಕಾರ್ನ್‌ವಾಲ್‌ನವರೂ ಇದ್ದರು.

ಮೆಕ್ಸಿಕೋದಲ್ಲಿ ಪಾಸ್ಟಿ 'ಪಾಸ್ತೆ' ಆಗಿ ಒಗ್ಗಿಹೋಯಿತು. ಹಸಿಮೆಣಸಿನಕಾಯಿ ಹೊಕ್ಕಿತು, ಬೀನ್ಸ್ ಹೊಕ್ಕಿತು, ಮೋಲೆ ಎಂಬ ಗಟ್ಟಿ ಮಸಾಲೆ ಸಾರು ಹೊಕ್ಕಿತು, ಅನಾನಸ್ ತುಂಬಿದ ಸಿಹಿ ಪಾಸ್ತೆಯೂ ಬಂತು. ರಿಯಲ್ ಡೆಲ್ ಮಾಂಟೆಯಲ್ಲಿ ಪಾಸ್ತೆಗೆಂದೇ ಒಂದು ಮ್ಯೂಸಿಯಂ ಇದೆ, ಅಕ್ಟೋಬರಿನಲ್ಲಿ ಉತ್ಸವವೂ ನಡೆಯುತ್ತದೆ.

ಅಮೆರಿಕದ ಮಿಶಿಗನ್‌ನ ತಾಮ್ರದ ಗಣಿಗಳಲ್ಲಿ ಕಾರ್ನ್‌ವಾಲ್‌ನವರ ಹಿಂದೆಯೇ ಬಂದ ಫಿನ್‌ಲೆಂಡಿನವರು ಪಾಸ್ಟಿಯನ್ನು ಎಷ್ಟು ಹಚ್ಚಿಕೊಂಡರೆಂದರೆ, ಅದು ತಮ್ಮ ತಾತಂದಿರ ತಿಂಡಿಯೇ ಎಂದು ನಂಬಿದವರೂ ಅವರಲ್ಲಿದ್ದಾರೆ. ಅಲ್ಲಿ ಕ್ಯಾರೆಟ್ ರಾಜಾರೋಷವಾಗಿ ಒಳಗೆ ಸೇರಿದೆ. ಜಗಳ ಈಗ ಹೂರಣದಿಂದ ತಟ್ಟೆಗೆ ಬಂದಿದೆ: ಪಾಸ್ಟಿಯ ಮೇಲೆ ಸುರಿಯಬೇಕಾದದ್ದು ಗ್ರೇವಿಯೋ, ಕೆಚಪ್ಪೋ? ಕಾರ್ನ್‌ವಾಲ್‌ನವರ ಮುಂದೆ ಇದನ್ನು ಕೇಳಿದರೆ ಎರಡೂ ಪಂಗಡಕ್ಕೆ ಒಟ್ಟಿಗೇ ಬೈಗುಳ.