ನಂಬರು ಬರೆದ ಕುರ್ಚಿಗಳು

ಮಾಸ್ಕೋದಲ್ಲಿ ಕ್ರೆಮ್ಲಿನ್ನಿನಿಂದ ನದಿ ದಾಟಿದರೆ ಬೂದು ಬಣ್ಣದ ಭಾರೀ ಕಟ್ಟಡವೊಂದು ಎದುರಾಗುತ್ತದೆ. ಬೋರಿಸ್ ಇಯೊಫಾನ್ ನಕ್ಷೆ ಮಾಡಿದ ಈ ಸರ್ಕಾರಿ ವಸತಿಗೆ 1931ರಿಂದ ಸೋವಿಯತ್ ಮಂತ್ರಿಗಳು, ಸೇನಾಧಿಕಾರಿಗಳು, ಪಕ್ಷದ ಹಿರಿಯರು ಸಂಸಾರ ಸಮೇತ ಬಂದಿಳಿದರು. ಮನೆಗಳು 505, ಜೊತೆಗೆ ಸಿನಿಮಾ ಮಂದಿರ, ಅಂಗಡಿ, ಲಾಂಡ್ರಿ, ಕ್ಯಾಂಟೀನು. ಎಲ್ಲರೂ ಕ್ಯಾಂಟೀನಿನಲ್ಲೇ ಉಣ್ಣುತ್ತಾರೆಂದು ಅಡುಗೆಮನೆಗಳನ್ನು ಚಿಕ್ಕದಾಗಿ ಕಟ್ಟಿದ್ದರು. ಕ್ರಾಂತಿಗೆ ಒಗ್ಗರಣೆಯ ವಾಸನೆ ಆಗಿಬರುತ್ತಿರಲಿಲ್ಲವೇನೋ. ಮೇಜು ಕುರ್ಚಿಗಳೂ ಸರ್ಕಾರದವೇ, ಒಂದೊಂದಕ್ಕೂ ನಂಬರು. 1937 ಬಂತು. ರಾತ್ರಿಯ ಬಂಧನಗಳು ಶುರುವಾದವು, ಮನೆಗಳ ಬಾಗಿಲಿಗೆ ಅರಗಿನ ಮುದ್ರೆ ಬಿತ್ತು. ನಂಬರಿನ ಕುರ್ಚಿಗಳು ಉಳಿದವು, ಕೂರುವವರು ಬದಲಾದರು.

ಇಂಥ ಮನೆಗಳಲ್ಲಿ ಬೆಳೆದವರು ಎಷ್ಟೋ ವರ್ಷದ ಮೇಲೆ ನೆನಪು ಬರೆದರೆ, ತಡವಾಗಿ ಹೇಳಿದ್ದನ್ನು ನಂಬುವುದು ಹೇಗೆ ಎಂಬ ಆಕ್ಷೇಪ ಏಳುತ್ತದೆ. ಕೋರ್ಟಿನಲ್ಲೂ ಘಟನೆಗೆ ಹತ್ತಿರದ ಹೇಳಿಕೆಗೇ ತೂಕ ಹೆಚ್ಚು. ಆದರೆ ಅಧಿಕಾರದ ಮನೆಯಲ್ಲಿ ಈ ಲೆಕ್ಕ ತಿರುಗುಮುರುಗಾಗುತ್ತದೆ. ನದಿಯ ಆ ಬದಿ, ಕ್ರೆಮ್ಲಿನ್ನಿನೊಳಗೇ ಬೆಳೆದ ಸ್ಟಾಲಿನ್ನನ ಮಗಳು ಸ್ವೆಟ್ಲಾನಾಳನ್ನೇ ನೋಡಿ. ತಾಯಿ ನದೇಜ್ದಾ 1932ರಲ್ಲಿ ಗುಂಡು ಹಾರಿಸಿಕೊಂಡು ಸತ್ತಾಗ ಹುಡುಗಿಗೆ ಆರು ವರ್ಷ. ಕಾಯಿಲೆಯಿಂದ ಸತ್ತಳೆಂದು ನಂಬಿಸಿದರು. ನಿಜ ತಿಳಿದದ್ದು ಹತ್ತು ವರ್ಷ ಕಳೆದು, ಪರದೇಶದ ಪತ್ರಿಕೆಯೊಂದನ್ನು ಓದಿದಾಗ. ತಾಯಿ ಸತ್ತ ವಾರವೇ ಅವಳು ಬಿಸಿಬಿಸಿ ನೆನಪನ್ನು ಬರೆದಿಟ್ಟಿದ್ದರೆ ದೊಡ್ಡವರ ಸುಳ್ಳೇ ಸಾಕ್ಷಿಯಾಗಿ ನಿಲ್ಲುತ್ತಿತ್ತು. ಅವಳು ಪತ್ರಗಳ ರೂಪದ ನೆನಪುಗಳನ್ನು ಬರೆದದ್ದು 1963ರಲ್ಲಿ, ಅಪ್ಪ ಸತ್ತು ಹತ್ತು ವರ್ಷದ ಮೇಲೆ. ಅವು ಅಚ್ಚಾದದ್ದು 1967ರಲ್ಲಿ, ತನ್ನ ಭಾರತೀಯ ಸಂಗಾತಿ ಬ್ರಜೇಶ್ ಸಿಂಗ್‌ರ ಚಿತಾಭಸ್ಮ ಹೊತ್ತು ಭಾರತಕ್ಕೆ ಬಂದವಳು ಇಲ್ಲಿಂದಲೇ ಪಶ್ಚಿಮಕ್ಕೆ ಹೋದ ಮೇಲೆ.

ಹಾಗಿದ್ದೂ ಆಕೆ ಅಪ್ಪನ ಪಾಪದಲ್ಲಿ ದೊಡ್ಡ ಪಾಲನ್ನು ರಹಸ್ಯ ಪೊಲೀಸ್ ಮುಖ್ಯಸ್ಥ ಬೆರಿಯಾನ ತಲೆಗೆ ಕಟ್ಟಲಿಲ್ಲವೇ? ಕಟ್ಟಿದಳು, ಹೌದು. ಯಾರು ಯಾವ ಆದೇಶಕ್ಕೆ ಸಹಿ ಹಾಕಿದರೆಂಬುದಕ್ಕೆ ಮಗಳ ಮಾತು ಸಾಲದು; ಅದಕ್ಕೆ ಕಡತಗಳಿವೆ. ಬಂದುಹೋಗುತ್ತಿದ್ದ ನೆಂಟರು ಒಬ್ಬೊಬ್ಬರಾಗಿ ಕಾಣೆಯಾದಾಗ ಮನೆಯವರು ಹೇಗೆ ಬಾಯಿ ಮುಚ್ಚಿಕೊಂಡರೆಂಬುದು ಮಾತ್ರ ಯಾವ ಕಡತದಲ್ಲೂ ಸಿಗುವುದಿಲ್ಲ. ಇನ್ನೊಂದು ಆಕ್ಷೇಪ ಇದಕ್ಕಿಂತ ಮೊನಚಾದದ್ದು: ಲಕ್ಷಾಂತರ ಜನ ಶಿಬಿರಗಳಲ್ಲಿ ಸಾಯುತ್ತಿದ್ದಾಗ ಮೇಲಿನವರ ಮಕ್ಕಳ ಗೋಳು ಯಾರಿಗೆ ಬೇಕು? ನ್ಯಾಯವಾದ ಪ್ರಶ್ನೆಯೇ. ಆದರೆ ಇದನ್ನು ಆ ಮಕ್ಕಳಲ್ಲೊಬ್ಬನೇ ತನ್ನ ಮೇಲೆ ಹಾಕಿಕೊಂಡ. ಯೂರಿ ಟ್ರಿಫೊನೊವ್ ಆ ಬೂದು ಕಟ್ಟಡದ ಹುಡುಗ. ತಂದೆ 1937ರಲ್ಲಿ ಸೆರೆಯಾಗಿ ಮರುವರ್ಷ ಗುಂಡಿಗೆ ಬಲಿಯಾದರು. ಮಗನ ಮೊದಲ ಕಾದಂಬರಿಗೆ ಸ್ಟಾಲಿನ್ ಪ್ರಶಸ್ತಿಯೇ ಬಂತು! ಆ ಕಟ್ಟಡ ಕಥೆಯಾಗಲು 1976 ಆಗಬೇಕಾಯಿತು. ಅಲ್ಲೂ ನಡುವೆ ನಿಂತವನು ಒಳಗಿನ ಹುಡುಗನಲ್ಲ, ದೊಡ್ಡ ಮನೆಯನ್ನು ಹೊರಗಿನಿಂದ ನೋಡಿ ಕರುಬುವವನು. ಮುಂದೆ ಆ ಕರುಬೇ ಅವನನ್ನು ಗುರುದ್ರೋಹಕ್ಕೆ ತಳ್ಳುತ್ತದೆ. ತನ್ನ ಬಾಲ್ಯದ ಸೌಕರ್ಯ ಇನ್ನೊಬ್ಬನ ಕಣ್ಣಿಗೆ ಹೇಗೆ ಕುಕ್ಕುತ್ತಿತ್ತೆಂದು ಹನ್ನೊಂದರ ಹುಡುಗ ಬರೆಯಲಾರ, ಐವತ್ತರವನು ಬರೆದ. ಕಟ್ಟಡವನ್ನು ಜನ ಇಂದಿಗೂ ಆ ಪುಸ್ತಕದ ಹೆಸರಿನಿಂದಲೇ ಕರೆಯುತ್ತಾರೆ.