ಮೂಳೆಗಳ ತಾಳ

ಅಪ್ಪ ಹೋಗಿ ಎಂಟನೆಯ ದಿನ. ಮನೆಯಲ್ಲಿ ಟಿವಿ ಹಾಕುವ ಹಾಗಿರಲಿಲ್ಲ. ನೆಂಟರೆಲ್ಲ ಮಲಗಿದ ಮೇಲೆ ನನ್ನ ಮಗಳು ಅಜ್ಜಿಯ ಹಾಸಿಗೆಯ ಪಕ್ಕ ಕೂತು, ಮೊಬೈಲಿನ ದನಿ ಪೂರ್ತಿ ತಗ್ಗಿಸಿ ಏನೋ ನೋಡುತ್ತಿದ್ದಳು. ಬಗ್ಗಿ ನೋಡಿದೆ. 1929ರ ಡಿಸ್ನಿ ಕಾರ್ಟೂನು, ‘ದಿ ಸ್ಕೆಲಿಟನ್ ಡಾನ್ಸ್’. ಸ್ಮಶಾನ, ಗೂಬೆ, ಕುಣಿಯುವ ಅಸ್ಥಿಪಂಜರಗಳು. ಫೋನು ಕಿತ್ತುಕೊಳ್ಳಬೇಕೆನಿಸಿತು. ಐದು ದಿನದ ಹಿಂದಷ್ಟೇ ಅಪ್ಪನ ಅಸ್ಥಿ ಆಯ್ದು, ಮಡಕೆಗೆ ತುಂಬಿ, ಪಶ್ಚಿಮವಾಹಿನಿಯಲ್ಲಿ ಬಿಟ್ಟು ಬಂದಿದ್ದೆ.

“ಅಪ್ಪಾ, ಹೆದರಿಕೆ ಆಗ್ತಿದೆ,” ಅಂದಳು.

ನಿದ್ದೆ ಬಾರದೆ ಮಲಗಿದ್ದ ಅಮ್ಮ ಕತ್ತಲಲ್ಲೇ ಹೇಳಿದಳು: “ಸೌಂಡ್ ಕೊಡೋ. ಮಗು ಹೆದರ್ಕೋತಿದೆ.”

ಕೊಟ್ಟೆ. ಒಂದು ಅಸ್ಥಿಪಂಜರ ಇನ್ನೊಂದರ ಬೆನ್ನುಮೂಳೆಯನ್ನೇ ಸೈಲೋಫೋನ್ ಮಾಡಿಕೊಂಡು, ಎರಡು ಮೂಳೆ ಹಿಡಿದು ಬಾರಿಸುತ್ತಿತ್ತು. ಮಗಳು ಕಿಸಕ್ಕನೆ ನಕ್ಕಳು. ಚಿತ್ರ ಅದೇ. ಹೆದರಿಕೆ ಮಾತ್ರ ಇಲ್ಲ.

ಹಿಂದಿನ ವರ್ಷವಷ್ಟೇ, 1928ರ ನವೆಂಬರ್ 18ರಂದು, ನ್ಯೂಯಾರ್ಕಿನಲ್ಲಿ ‘ಸ್ಟೀಮ್‌ಬೋಟ್ ವಿಲ್ಲಿ’ ತೆರೆ ಕಂಡಿತ್ತು. ಅದರಲ್ಲಿ ಮಿಕ್ಕಿ ಹಸುವಿನ ಹಲ್ಲುಗಳನ್ನೇ ವಾದ್ಯ ಮಾಡಿ ನುಡಿಸುತ್ತಾನೆ. ಆದರೆ ಈ ಅಸ್ಥಿಪಂಜರಗಳ ಹಿಂದೆ ಇದ್ದವನು ಕಾರ್ಲ್ ಸ್ಟಾಲಿಂಗ್. ಕಾನ್ಸಾಸ್ ಸಿಟಿಯ ಥಿಯೇಟರಿನಲ್ಲಿ ಮೂಕಿಚಿತ್ರಗಳಿಗೆ ಆರ್ಗನ್ ನುಡಿಸುತ್ತಿದ್ದವನು. ಅಲ್ಲಿ ಅವನು ಚಿತ್ರ ಓಡಿದ ಕಡೆ ಓಡಬೇಕಿತ್ತು. ಇಲ್ಲಿ ತಿರುಗಿಸಿದ: ಸಂಗೀತ ಮೊದಲು, ಅದರ ಹಿಂದೆ ಚಿತ್ರ. ಬಹುಪಾಲು ಬರೆದವನು ಅಬ್ ಐವರ್ಕ್ಸ್. ಸೆಕೆಂಡಿಗೆ 24 ಚೌಕಟ್ಟು. ಸೆಕೆಂಡಿಗೆ ಎರಡು ಪೆಟ್ಟಿನ ತಾಳವಾದರೆ 12 ಚೌಕಟ್ಟಿಗೊಮ್ಮೆ ಮೂಳೆ ಬೀಳಲೇಬೇಕು. ಒಂದೆರಡು ಚೌಕಟ್ಟು ತಡವಾದರೂ ನಗು ಸಪ್ಪೆ.

ಆ ರಾತ್ರಿ ನನಗೆ ಹೊಳೆದದ್ದು ಇಷ್ಟೇ. ಸಾವಿಗೆ ಹೆದರುವುದು ಅದು ಯಾವಾಗ ಬರುತ್ತದೋ ಗೊತ್ತಿಲ್ಲವೆಂದು. ಅಪ್ಪನದೂ ಹಾಗೇ, ಕಾಫಿ ಕುಡಿಯುತ್ತಾ ಕೂತಿದ್ದವರು. ಇಲ್ಲಿಯ ಮೂಳೆಗಳೋ ಹೇಳಿದ ಹೊತ್ತಿಗೆ ಬರುತ್ತವೆ, ಹೇಳಿದ ಜಾಗಕ್ಕೆ ಬೀಳುತ್ತವೆ. ತಾಳ ತಪ್ಪದ ದೆವ್ವಕ್ಕೆ ಯಾರು ಹೆದರುತ್ತಾರೆ?

ಕೊನೆಗೆ ಕೋಳಿ ಕೂಗಿತು. ಅಸ್ಥಿಪಂಜರಗಳು ಎದ್ದುಬಿದ್ದು ಗೋರಿಗೆ ಓಡಿದವು. ಎರಡು ಪಾದ ಮಾತ್ರ ಹೊರಗೇ ಉಳಿದವು. ಒಳಗಿಂದ ಒಂದು ಕೈ ಬಂದು ಎಳೆದುಕೊಂಡಿತು. ಅಮ್ಮ ಯಾವಾಗ ಎದ್ದು ಕೂತಿದ್ದಳೋ.

“ನಿಮ್ಮಪ್ಪನೂ ಹೀಗೇ. ದೇವಸ್ಥಾನದಲ್ಲಿ ಚಪ್ಪಲಿ ಬಿಟ್ಟು ಬಂದು, ಮತ್ತೆ ಓಡೋರು,” ಅಂದವಳೇ ನಕ್ಕುಬಿಟ್ಟಳು.

ಆಚೆ ಕೋಣೆಯಲ್ಲಿ ದೊಡ್ಡಮ್ಮ ಕೆಮ್ಮಿದರು. ಮಗಳು ನನ್ನ ಮುಖ ನೋಡಿದಳು. ನಾನು ದನಿ ತಗ್ಗಿಸಲಿಲ್ಲ.